ಮೂವತ್ತೆಂಟನೆಯ ಗೆರೆ

ಸತ್ತವರ ಜೀವನಚರಿತ್ರೆ ಬರೆದುಕೊಡುವುದು ಫ್ರೀಡಾಳ ಕಸುಬು. ನೈರೋಬಿಯ ಸೌತ್ ಬಿ ಬಡಾವಣೆಯ ಮನೆಯಲ್ಲಿ ಕುಳಿತೇ ಯಾರದೋ ಮುತ್ತಜ್ಜನನ್ನು ಪುಣ್ಯಾತ್ಮನನ್ನಾಗಿ ಮಾಡಿ ಕಳಿಸುತ್ತಾಳೆ. ಈ ಸಲದವನು ಅಮೋಸ್ ಟಿಲ್‌ಬರಿ. ನೂರೆಪ್ಪತ್ತು ವರ್ಷದ ಹಿಂದಿನ ಅಮೆರಿಕದ ವ್ಯಾಪಾರಿ. ಆನೆದಂತದ ಪಿಯಾನೋ ಕೀಗಳನ್ನು ಮಾಡಿಸಿ ಮಾರಿ ದೊಡ್ಡವನಾದ, ಆಮೇಲೆ ರಾಜ್ಯದ ಶಾಸನಸಭೆಗೆ ಆರಿಸಿಬಂದು ಗುಲಾಮಗಿರಿಯ ವಿರುದ್ಧ ಎರಡು ಗಂಟೆ ಭಾಷಣ ಬಿಗಿದ. ಮದುವೆಯಿಲ್ಲ, ಮಕ್ಕಳಿಲ್ಲ.

ದಂತ ಹೋದದ್ದು ಆಫ್ರಿಕಾದ ಈ ಕಡೆಯಿಂದಲೇ. ಒಂದು ಕಾಗದದಲ್ಲಿ ಅವನೇ ಬರೆದಿದ್ದ: "ಒಳನಾಡಿನಿಂದ ಅರವತ್ತು ಹೊರೆಯಾಳುಗಳು ಹೊರಟರು. ಕರಾವಳಿ ಮುಟ್ಟಿದವರು ಇಪ್ಪತ್ತಮೂರು. ದಂತವೆಲ್ಲ ಕ್ಷೇಮ." ಆ ಸಾಲು ಬೇಡ ಎಂದರು ಚರಿತ್ರೆ ಬರೆಸುತ್ತಿದ್ದ ಅವನ ತಮ್ಮನ ವಂಶದವರು. ಫ್ರೀಡಾ ಬಿಟ್ಟಳು. ಹೊಟ್ಟೆಪಾಡು, ಏನು ಮಾಡುವುದು!

ಅಷ್ಟರಲ್ಲಿ ನವೆಂಬರ್ ಬಂತು. ಫ್ರೀಡಾಳಂಥ ಮಂಗಳೂರು ಮೂಲದ ಕ್ರೈಸ್ತರಿಗೆ ಅದು ಸತ್ತವರ ತಿಂಗಳು. ಸಂಜೆ ಜಪಮಾಲೆ ಮುಗಿದ ಮೇಲೆ ಮನೆಯಲ್ಲಿ ತೀರಿಕೊಂಡವರ ಪಟ್ಟಿ ಓದಿ ಪ್ರಾರ್ಥಿಸಬೇಕು. "ಯಾರೂ ಇಲ್ಲದವ ಅಲ್ವಾ, ಪಾಪ" ಎಂದು ಫ್ರೀಡಾ ಅತ್ತೆ ಮಾವಂದಿರ ಹೆಸರಿನ ಕೆಳಗೆ ಅಮೋಸನನ್ನೂ ಸೇರಿಸಿದಳು. ಕರುಣೆಯಿಂದಲೇ ಮಾಡಿದ ತಪ್ಪು ಅದು. ಕರೆದರೆ ಸತ್ತವರು ಒಬ್ಬರೇ ಬರುತ್ತಾರೆಂದು ಯಾರು ಹೇಳಿದರು?

ಮರುದಿನ ಮಾವನ ಕಾಲದ ಪಿಯಾನೋದ ಒಂದು ಬಿಳಿ ದಂತದ ಕೀ ಮೂಕವಾಯಿತು. ಮೂರನೆಯ ದಿನ ಆರು. ವಾರದೊಳಗೆ ಬಿಳಿ ಕೀಗಳಲ್ಲಿ ಅರ್ಧಕ್ಕಿಂತ ಹೆಚ್ಚು. ರಿಪೇರಿಯ ಡೇವಿಡ್ ಪಿಯಾನೋದ ಹೊಟ್ಟೆ ತೆಗೆದು ನೋಡಿದ.

"ತಂತಿ ಸರಿ ಇದೆ ಮೇಡಂ. ಸುತ್ತಿಗೆ ಬಡಿಯೋದೂ ಕಣ್ಣಿಗೆ ಕಾಣ್ತಿದೆ. ಸದ್ದೇ ಇಲ್ಲ. ಪೋಲೆ ಸಾನಾ," ಎಂದು ಕ್ಷಮೆ ಕೇಳಿ, ಚಹಾ ಕೂಡ ಕುಡಿಯದೆ ಹೊರಟುಹೋದ.

ಮಗಳು ಜೊಯ್ಲಿನ್‌ಗೆ ಶನಿವಾರ ಪಿಯಾನೋ ಪರೀಕ್ಷೆ. ಅವಳು ಹತ್ತಿರ ಸುಳಿಯಲೂ ಒಪ್ಪಲಿಲ್ಲ.

"ಎಂತ ಆಯ್ತು ಮಗಾ?"

"ಕೀಸ್ ಆರ್ ವಾರ್ಮ್, ಮಮ್ಮಾ. ಯಾರೋ ಕೈ ಹಿಡಿದ ಹಾಗೆ."

ಫ್ರೀಡಾ ಮೂಕ ಕೀಗಳನ್ನು ಎಣಿಸಿದಳು. ಮೂವತ್ತೇಳು. ಅರವತ್ತರಲ್ಲಿ ಇಪ್ಪತ್ತಮೂರು ಕಳೆಯಲು ಕಾಗದ ಬೇಕಾಗಲಿಲ್ಲ. ಅವಳಿಗೆ ಭಯವಾಯಿತು, ಭಯಕ್ಕಿಂತ ನಾಚಿಕೆ ದೊಡ್ಡದಾಗಿತ್ತು.

ಬಿಟ್ಟ ಸಾಲನ್ನು ಚರಿತ್ರೆಗೆ ಮರಳಿ ಸೇರಿಸಿ ಅಮೆರಿಕಕ್ಕೆ ಕಳಿಸಿದಳು. ಪ್ರಾರ್ಥನೆಯ ಪಟ್ಟಿಗೆ ಹೊಸ ಹಾಳೆ ತೆಗೆದು ತೀರಿಕೊಂಡ ಮನೆಯವರ ಹೆಸರುಗಳನ್ನು ಬರೆದಳು. ಹೊರೆಯಾಳುಗಳ ಹೆಸರು ಅಮೋಸ್ ಬರೆದಿಟ್ಟಿರಲಿಲ್ಲ. ಮೂವತ್ತೇಳು ಖಾಲಿ ಗೆರೆ ಎಳೆದಳು. ಸಿಟ್ಟಿನಲ್ಲಿ ಅವನನ್ನೇ ಕೈಬಿಟ್ಟಳು. "ನೀನು ಬೇರೆ ಜಾಗ ನೋಡಿಕೋ, ಮಾರಾಯ."

ಆ ಸಂಜೆ ಒಂದೊಂದು ಗೆರೆಗೂ ಅವಳು ಒಂದು ಉಸಿರಿನಷ್ಟು ಹೊತ್ತು ಸುಮ್ಮನಿದ್ದಳು. ಪ್ರತಿ ಸಲವೂ ಪಕ್ಕದ ಕೋಣೆಯ ಪಿಯಾನೋದಿಂದ ಒಂದೊಂದೇ ಸ್ವರ ಕೇಳಿಸಿತು. ಜೊಯ್ಲಿನ್ ಅಮ್ಮನ ತೋಳು ಬಿಗಿಯಾಗಿ ಹಿಡಿದು ಇಲ್ಲೇ ಮೊಣಕಾಲೂರಿದ್ದಳು. ಮೂವತ್ತೇಳೂ ನುಡಿದವು.

ಎದ್ದು ಹೋಗಿ ನೋಡಿದರೆ ತೀರಾ ಕೊನೆಯ ಕೀ, ಅಲ್ಲಿಯವರೆಗೆ ಸರಿಯಾಗಿಯೇ ಇದ್ದದ್ದು, ತಾನಾಗಿ ಕೆಳಗಿಳಿದು ಮೇಲೇಳುತ್ತಿತ್ತು. ಮತ್ತೆ ಮತ್ತೆ. ಸದ್ದಿಲ್ಲ. ಎರಡು ಗಂಟೆ ಭಾಷಣ ಬಿಗಿದವನು ಈಗ ಒಂದು ಸ್ವರಕ್ಕಾಗಿ ಬೇಡುತ್ತಿದ್ದ.

ಫ್ರೀಡಾ ಪೆನ್ನು ಹಿಡಿದು ಬಹಳ ಹೊತ್ತು ನಿಂತಳು. ಕೊನೆಗೆ ಹಾಳೆಯ ತುದಿಯಲ್ಲಿ ಇನ್ನೊಂದು ಗೆರೆ ಎಳೆದಳು. ಅವನ ಹೆಸರನ್ನೂ ಬರೆಯಲಿಲ್ಲ.

ಕೀ ನಿಂತಿತು.