ಚೀನಾ ವೆಂಕ್ಟ್ರಮಣನಿಗೆ ಸರ್ಕಾರಿ ಗೌರವ

ಚಟ್ಟ ಹೆಗಲಿಗೇರಿ, ಹೊತ್ತವರು ಅಂಗಳ ದಾಟಿ, ಬೆಂಕಿಮಡಕೆ ಹಿಡಿದ ಮೊಮ್ಮಗ ನಿತೇಶ ಹೆದ್ದಾರಿಯ ಅಂಚಿಗೆ ಕಾಲಿಡುವುದಕ್ಕೂ ಊರಿನ ಮುಖಂಡ ಕಮಲಾಕರ ಹೆಗಡೆಯವರ ಫೋನು ಬಡಿದುಕೊಳ್ಳುವುದಕ್ಕೂ ಸರಿಹೋಯಿತು.

“ನಿಲ್ಲಿ, ನಿಲ್ಲಿ! ಪೊಲೀಸ್ ವ್ಯಾನು ಕುಮಟೆ ಬಿಟ್ಟಾತಂತೆ. ಒಂದು ಚೂರು ತಡೀರಿ.”

ನಾಲ್ವರೂ ಗಕ್ಕನೆ ನಿಂತರು. ಮುಂದೆ ಉಮಾಳ ಗಂಡ ಶ್ರೀನಾಥ ಮತ್ತು ಪಕ್ಕದ ಮನೆಯ ದಾಸ, ಹಿಂದೆ ಕೇರಿಯ ಇಬ್ಬರು. ಚಟ್ಟದ ಮೇಲೆ ಉಮಾಳ ಅಪ್ಪ ವೆಂಕ್ಟ್ರಮಣ. ಎಂಬತ್ತು ದಾಟಿದ ಜೀವ. ನಿನ್ನೆ ಸಂಜೆ ಚಾ ಕುಡಿದು, ಲೋಟ ಕೆಳಗಿಟ್ಟು, ಗೋಡೆಗೆ ಒರಗಿದ್ದು ಮತ್ತೆ ಏಳಲಿಲ್ಲ. ಯಾರಿಗೂ ತ್ರಾಸು ಕೊಡದೆ ಹೋದ ಮನುಷ್ಯನಿಗೆ ಬೆಳಗಿನಿಂದ ಊರು ಕೊಡುತ್ತಿದ್ದ ತ್ರಾಸು ನೋಡಿ ಉಮಾಳಿಗೆ ಅಳುವುದಕ್ಕೂ ಪುರಸೊತ್ತು ಸಿಕ್ಕಿರಲಿಲ್ಲ.

“ತಡೀರಿ ಅಂದ್ರೆ? ಇಳ್ಸೂದಾ?” ದಾಸ ಕೇಳಿದ.

“ಛೆ ಛೆ! ಒಮ್ಮೆ ಎತ್ತಿದ್ದನ್ನ ಮಧ್ಯ ದಾರಿಲಿ ಯಾರಾದ್ರೂ ಇಳಿಸ್ತ್ರನಾ?” ಎಂದರು ಹೆಗಡೆಯವರು.

“ಹಂಗಾರೆ ನಡೆವನಾ?”

“ನಡೆದ್ರೆ ಹೆಂಗೆ ಮಾರಾಯಾ? ಸರ್ಕಾರಿ ಗೌರವ ಇಲ್ಲೇ ಆಗೂದು. ಪೇಪರಿನವ್ರಿಗೂ ಇಲ್ಲಿಗೇ ಬಪ್ಪೂಕೆ ಹೇಳಿದ್ದೆ.”

ಇಳಿಸುವಂತಿಲ್ಲ, ನಡೆಯುವಂತಿಲ್ಲ. ಹಳದೀಪುರದ ಬಸ್ ಸ್ಟಾಪಿನ ಎದುರು, ಲಾರಿಗಳು ಎಬ್ಬಿಸಿದ ಕೆಂಪು ಧೂಳಿನಲ್ಲಿ, ವೆಂಕ್ಟ್ರಮಣನನ್ನು ಹೊತ್ತ ನಾಲ್ವರು ನಿಂತೇ ಇದ್ದರು.

“ಹೆಗಡೇರೆ,” ಉಮಾ ಮುಂದೆ ಬಂದಳು. “ಬೆಳಗಿಂದ ಹೇಳ್ತಾ ಬಂದೆ, ಈ ಗುಂಡು-ಗಿಂಡು ಹಾರ್ಸೂದು ಎಂತದೂ ಬೇಡ ಅಂತ. ಅಪ್ಪಂಗೆ ಆ ಶಬ್ದ ಆಗೂದಿಲ್ಲ.”

“ನಿಂಗೆ ಗೊತ್ತಾಗೂದಿಲ್ಲೆ ಉಮಾ. ಯುದ್ಧಕ್ಕೆ ಹೋಗಿ ಬಂದವ ಅವ. ಇದು ನಿನ್ನ ಅಪ್ಪಂದೊಂದೇ ಅಲ್ಲ, ಊರಿನ ಮರ್ಯಾದೆ.”

ಊರಿನ ಮರ್ಯಾದೆ! ಉಮಾಳಿಗೆ ಮೈಯೆಲ್ಲ ಉರಿದುಹೋಯಿತು. ಅರವತ್ತು ವರ್ಷ ಈ ಊರು ಅವಳ ಅಪ್ಪನನ್ನು ಕರೆದದ್ದು ಚೀನಾ ವೆಂಕ್ಟ ಎಂದು. ಆ ಹೆಸರನ್ನು ಇಟ್ಟವರು ಇದೇ ಕಮಲಾಕರ ಹೆಗಡೆಯವರ ತೀರ್ಥರೂಪರು.

* * *

ಮೀಸೆ ಸರಿಯಾಗಿ ಮೂಡುವ ಮೊದಲೇ ವೆಂಕ್ಟ್ರಮಣ ಮಿಲಿಟರಿ ಸೇರಿದ್ದ. ಸಮುದ್ರದ ಉಪ್ಪುಗಾಳಿ ಬಿಟ್ಟು ಬೇರೆ ಗಾಳಿ ಕುಡಿಯದವನನ್ನು ಹಿಮದ ಬೆಟ್ಟಕ್ಕೆ ಕಳಿಸಿದರು. ಚೀನಾದವರು ಮೇಲೆ ಬಿದ್ದಾಗ ಅವನ ತುಕಡಿ ಚೆಲ್ಲಾಪಿಲ್ಲಿಯಾಯಿತು. ಅವನು ಸೆರೆಸಿಕ್ಕು ಒಂದು ಚಳಿಗಾಲ ಬೆಟ್ಟದ ಆಚೆಯ ಕ್ಯಾಂಪಿನಲ್ಲಿ ಕಳೆದ. ಬಿಡುಗಡೆಯಾಗಿ ಬಂದರೆ ನಮ್ಮವರದೇ ವಿಚಾರಣೆ. ಅವರು ಎಂತ ಕಲಿಸಿದರು, ನೀನು ಎಂತ ಒಪ್ಪಿಕೊಂಡೆ, ಯಾಕೆ ಜೀವಸಹಿತ ಬಂದೆ? ಕೊನೆಗೆ ಮನೆಗೆ ಕಳಿಸಿದರು. ಅವನು ಬಸ್ ಸ್ಟಾಪಿನ ಬಗಲಲ್ಲಿ ಸೈಕಲ್ ಅಂಗಡಿ ಹಾಕಿದ.

ಊರಿನವರು ಅಂಗಡಿಯ ಬೆಂಚಿಗೆ ಬಂದು ಕೂತದ್ದು ಚೀನಾದವರ ಕ್ರೌರ್ಯದ ಕತೆ ಕೇಳುವುದಕ್ಕೆ. ವೆಂಕ್ಟ್ರಮಣ ಹೇಳುತ್ತಿದ್ದದ್ದು ಕಟ್ಟಿಗೆಯ ಕತೆ.

ಕ್ಯಾಂಪಿಗೆ ಮೂವರು ಯಜಮಾನರು. ಒಬ್ಬ ದಂಡಿನ ಕ್ಯಾಪ್ಟನ್. ಅವನಿಗೆ ಸರಿಸಮನಾಗಿ ಇನ್ನೊಬ್ಬ, ಕಮ್ಯುನಿಸ್ಟ್ ಪಕ್ಷದವ. ಕ್ಯಾಪ್ಟನ್ ಉಪ್ಪಿನ ಚೀಲ ಬಿಚ್ಚಬೇಕಾದರೂ ಅವನ ಮುಖ ನೋಡಬೇಕು. ಮೂರನೆಯವ ಅಲ್ಲಿಯ ಜಿಲ್ಲಾ ಕಚೇರಿಯವ. ಒಂದು ದಿನ ಈ ಕಚೇರಿಯವ ಹತ್ತಿರದ ಹಳ್ಳಿಯವರ ಬೆನ್ನಿಗೆ ಕಟ್ಟಿಗೆ ಹೊರಿಸಿಕೊಂಡು ಬಂದ. ತೂಕ ಮಾಡಿ ದುಡ್ಡು ಕೊಡಬೇಕು, ದಂಡಿನ ಕಾನೂನು ಅದು ಎಂದ ಕ್ಯಾಪ್ಟನ್. ಜನ ಪ್ರೀತಿಯಿಂದ ತಂದದ್ದು, ದುಡ್ಡು ಕೊಟ್ಟರೆ ನಾನು ಮೇಲಿನವರಿಗೆ ಏನು ಬರೆಯಲಿ ಎಂದ ಕಚೇರಿಯವ. ಇಬ್ಬರದೂ ಸರಿ, ಒಳಗೆ ಬನ್ನಿ, ಸಭೆ ಮಾಡೋಣ ಎಂದ ಪಕ್ಷದವ. ಹಿಂದಿ ಬಲ್ಲ ದುಭಾಷಿಯೊಬ್ಬ ಇದನ್ನೆಲ್ಲ ಸೆರೆಯಾಳುಗಳಿಗೆ ಮೆಲ್ಲಗೆ ಹೇಳಿ ನಗುತ್ತಿದ್ದ.

ಸಭೆ ಮುಗಿಯಲಿಲ್ಲ. ಅಂಗಳದ ಹಿಮದಲ್ಲಿ ಮುದುಕಿಯೊಬ್ಬಳು ಹಣೆಗೆ ಪಟ್ಟಿ ಬಿಗಿದು, ಹೊರೆ ಹೊತ್ತು ಹಾಗೇ ನಿಂತಿದ್ದಳು. ಕ್ಯಾಪ್ಟನ್ ಇಳಿಸು ಎಂದರೆ ಅದು ಖರೀದಿಯಾಗುತ್ತದೆ, ಕಚೇರಿಯವ ಇಳಿಸು ಎಂದರೆ ಕಾಣಿಕೆಯಾಗುತ್ತದೆ. ಹಾಗಾಗಿ ಯಾರೂ ಹೇಳಲಿಲ್ಲ.

“ನಾ ಸಾಲು ಬಿಟ್ಟು ಹೋದೆ, ಹೊರೆ ಅಡಿಗೆ ಕೈ ಕೊಟ್ಟೆ, ಇಳಿಸ್ದೆ,” ಎನ್ನುತ್ತಿದ್ದ ವೆಂಕ್ಟ್ರಮಣ. “ಕಾವಲಿನವ ಬಂದೂಕು ಎತ್ತಿದ. ಹೊಡೀಲಕ್ಕಾ ಅಂತ ಕೇಳ್ವ ಅಂದ್ರೆ ಅವಂಗೂ ಯಾರೂ ಇಲ್ಲ. ಒಂದು ಗಳಿಗೆ ನಿಂತ, ಅವನೂ ಇಳಿಸ್ದ.”

“ಮುದುಕಿ ಎಂತ ಅಂತು?” ಚಿಕ್ಕಂದಿನಲ್ಲಿ ಉಮಾ ಪ್ರತಿಸಲವೂ ಕೇಳುತ್ತಿದ್ದಳು.

“ಎಂತದೂ ಅನ್ಲಿಲ್ಲ ಮಗಾ. ಕುತ್ತಿಗೆ ತಿಕ್ಕಂಡ್ತು.”

ಕತೆಯ ಕೊನೆಗೆ ಅವನು ತಪ್ಪದೆ ನಗುತ್ತಿದ್ದ: “ಅಲ್ಲೂ ನಮ್ಮ ತಾಲೂಕಾಪೀಸೇ ಮಾರಾಯಾ!” ಒಂದು ದಿನ ಹಿರಿಯ ಹೆಗಡೆಯವರು ಇದನ್ನು ಕೇಳಿ ಬೆಂಚಿನಿಂದ ಎದ್ದೇ ಬಿಟ್ಟರು. “ವೈರಿಗಳನ್ನ ನಮ್ಮವರಿಗೆ ಹೋಲಿಸ್ತ್ಯನಾ? ನೀ ಚೀನಾದವನೇ ಬಿಡು!” ಅಲ್ಲಿಂದ ಆ ಹೆಸರು ಅಂಟಿಕೊಂಡಿತು. ಶಾಲೆಯಲ್ಲಿ ಉಮಾ ಚೀನಾದವನ ಮಗಳಾದಳು. ಕಾಯ್ಕಿಣಿಯಿಂದ ಶ್ರೀನಾಥನ ಕಡೆಯವರು ಹೆಣ್ಣು ನೋಡಲು ಬಂದಾಗಲೂ, ಹುಡುಗಿಯ ಅಪ್ಪನ ತಲೆ ಸರಿಯಿದೆಯೇ ಎಂದು ಊರಲ್ಲಿ ವಿಚಾರಿಸಿಯೇ ಅವಲಕ್ಕಿಗೆ ಕೈ ಹಾಕಿದ್ದರು.

* * *

ಬಿಸಿಲು ನೆತ್ತಿಗೆ ಬಂತು. ಹಿಂದಿನ ಇಬ್ಬರು ಹೆಗಲು ಬದಲಿಸಿದರು. ಶ್ರೀನಾಥನ ಅಂಗಿ ಬೆನ್ನಿಗೆ ಅಂಟಿತ್ತು. ನಿತೇಶ ಅಜ್ಜನ ಬೆಂಕಿ ಆರದ ಹಾಗೆ ಮಡಕೆಗೆ ಊದುತ್ತಿದ್ದ.

ತಾಲೂಕಿನಿಂದ ಬಂದ ರೆವಿನ್ಯೂ ಇನ್ಸ್‌ಪೆಕ್ಟರ್ ಸುಜಯ ಬಸ್ ಸ್ಟಾಪಿನ ನೆರಳಲ್ಲಿ ಫೋನು ಹಿಡಿದು ನಿಂತಿದ್ದ. ಮಾಜಿ ಸೈನಿಕರ ಸಂಘದ ಸುಬೇದಾರ್ ಅರುಣ ನಾಯಕರು ಮಡಚಿದ ಬಾವುಟವನ್ನು ಎದೆಗವಚಿಕೊಂಡು ಬಿಸಿಲಲ್ಲೇ ನೆಟ್ಟಗೆ ನಿಂತಿದ್ದರು.

“ಸರ್, ನೀವಾದ್ರೂ ಒಂದು ಹೇಳಿ,” ಉಮಾ ಸುಜಯನ ಬಳಿ ಹೋದಳು. “ಹೊತ್ತವ್ರು ಎಷ್ಟೊತ್ತು ಅಂತ ನಿಲ್ಲೂದು?”

“ನಂಗೆ ಬಂದದ್ದು ಬಾಯ್ಮಾತಿನ ಆದೇಶ ಮೇಡಂ. ಮಿಲಿಟರಿ ಕಡೆಯವ್ರು ಹೂಂ ಅಂದ್ರೆ ನಮ್ದೇನೂ ಅಡ್ಡಿಲ್ಲ.”

“ಸುಬೇದಾರ್ರೆ?”

“ನಂದು ಬಾವುಟ ಮಾತ್ರ ತಂಗಿ. ಬಂದೂಕು ಪೊಲೀಸರದ್ದು. ಸಿವಿಲ್‌ನವ್ರು ಹೇಳದೆ ನಾ ಹೆಂಗೆ ಹೊದಿಸ್ಲಿ?”

“ಮತ್ತೊಂದು ಉಂಟು ಮೇಡಂ,” ಸುಜಯ ದನಿ ತಗ್ಗಿಸಿದ. “ಸೆರೆ ಸಿಕ್ಕಿದವ್ರಿಗೆ ಗೌರವ ಕೊಡ್ಲಕ್ಕಾ ಅಂತ ಮೇಲೆ ಯಾರೋ ಕೇಳಿದ್ದಾರೆ. ಅದೊಂದು ಉತ್ತರ ಬರ್ಬೇಕು.”

“ಸತ್ತ ಮೇಲೂ ವಿಚಾರಣೆನಾ?” ಉಮಾಳ ದನಿ ಏರಿತು. “ಕೇಳಿದ್ದು ಯಾರು ನಿಮ್ಮ ಗೌರವ? ನಾವು ಕೇಳಿದ್ವಾ? ಅಪ್ಪ ಕೇಳಿದ್ನಾ?”

ಸುಜಯ ಹೆಗಡೆಯವರನ್ನು ನೋಡಿದ. ಹೆಗಡೆಯವರು ತಿರುಗಿ ನಿಂತು ಮನೆಗೆ ಫೋನಿನಲ್ಲಿ ಹೇಳುತ್ತಿದ್ದರು: “ಬತ್ತೆ, ಬತ್ತೆ. ಇನ್ನೂ ಆಯ್ದಿಲ್ಲೆ. ಊಟ ಮುಚ್ಚಿಡು.”

* * *

ಹೋದ ದೀಪಾವಳಿಯಲ್ಲಿ ಉಮಾ ಅಪ್ಪನಿಗೆ ಮಾತು ಕೊಟ್ಟಿದ್ದಳು.

ದೀಪಾವಳಿ ಬಂತೆಂದರೆ ವೆಂಕ್ಟ್ರಮಣ ಮನೆಯಲ್ಲಿ ನಿಲ್ಲುತ್ತಿರಲಿಲ್ಲ. ಪಟಾಕಿ ಶುರುವಾಗುವ ಮೊದಲೇ ಸಮುದ್ರದ ಬದಿಯ ಗಾಳಿಮರಗಳ ನಡುವೆ ಹೋಗಿ ಕೂರುತ್ತಿದ್ದ. ಉಮಾ ಬೈಯುತ್ತಲೇ ಅಲ್ಲಿಗೆ ಹಬ್ಬದ ಅಡುಗೆ ಒಯ್ಯುತ್ತಿದ್ದಳು. ಅವಳು ಅಪ್ಪನಿಗೆ ಬೈಯದ ದಿನವೇ ಇಲ್ಲ. ಮಾವಿನಕುರ್ವೆಯ ಮೀನು ಮಾರುವ ಹೆಂಗಸರು ಬಸ್ಸಿಳಿದರೆ ಸಾಕು, ಬಿಚ್ಚಿದ ಟ್ಯೂಬನ್ನು ಅಲ್ಲೇ ಬಿಟ್ಟು ಓಡಿ ಅವರ ತಲೆಯ ಬುಟ್ಟಿಗೆ ಕೈ ಕೊಡುವುದು, ಅಂಗಿಯೆಲ್ಲ ಮೀನುನೀರು, ತೊಳೆಯುವವಳು ಇವಳು. “ಅವ್ರೇನು ನಿಂಗೆ ಸಂಬಳ ಕೊಡ್ತ್ರಾ?” ಎಂದರೆ, “ತಲೆ ಮೇಲಿನ ಬುಟ್ಟಿ ಒಬ್ರೇ ಇಳಿಸ್ಕಂಬೂಕೆ ಬತ್ತಿಲ್ಲ ಮಗಾ” ಎಂದಷ್ಟೇ ಹೇಳುತ್ತಿದ್ದ.

ಆ ಸಂಜೆ ಅವನು ಕಡುಬು ಮುರಿಯುತ್ತ ಹೇಳಿದ, “ನಾ ಸತ್ರೆ ಶಬ್ದ ಮಾಡ್ಬೇಡಿ. ಹೊತ್ಕಂಡು ಬನ್ನಿ, ಇಲ್ಲಿ ಇಳ್ಸಿ. ಅಷ್ಟೇ.”

“ಆತು,” ಎಂದಿದ್ದಳು ಉಮಾ. ಅಪ್ಪ ಜನ್ಮದಲ್ಲಿ ಅವಳ ಹತ್ತಿರ ಕೇಳಿದ್ದು ಅದೊಂದೇ.

* * *

“ವ್ಯಾನು ರಸ್ತೆ ಕಾಮಗಾರಿ ಹತ್ರ ಸಿಕ್ಕಾಕಂಡದೆಯಂತೆ,” ಸುಜಯ ಘೋಷಿಸಿದ. “ಇನ್ನೂ ಸ್ವಲ್ಪ ಆಗ್ತದೆ.”

ದಾಸ ಹೆಗಲ ಮೇಲಿನ ಬಿದಿರಿಗೆ ಎರಡೂ ಕೈ ಆನಿಸಿಕೊಂಡ. ಅಷ್ಟರಲ್ಲಿ ಹೊನ್ನಾವರದ ಕಡೆಯಿಂದ ಟೆಂಪೋ ಬಂದು ನಿಂತಿತು. ಕ್ಲೀನರ್ ಇಳಿದವಳ ತಲೆಗೆ ಮೀನಿನ ಬುಟ್ಟಿ ಏರಿಸಿ ಕೊಟ್ಟ. ಮಾವಿನಕುರ್ವೆಯ ಗಣಪಿ ರಸ್ತೆಗೆ ತಿರುಗಿದಳು. ಅಭ್ಯಾಸಬಲ, ಅವಳ ಕಣ್ಣು ಮೊದಲು ಹೋದದ್ದು ಸೈಕಲ್ ಅಂಗಡಿಗೆ. ಬಾಗಿಲು ಹಾಕಿತ್ತು. ಆಮೇಲೆ ಚಟ್ಟ ಕಂಡಿತು.

“ಅಯ್ಯೋ, ಯೆಂಕ್ಟಣ್ಣ!”

ಅವಳು ಬುಟ್ಟಿ ಹೊತ್ತು ನಿಂತಲ್ಲೇ ನಿಂತಳು. ಕೈಯೆರಡೂ ಬುಟ್ಟಿಯ ಅಂಚಿನಲ್ಲಿ, ಕಣ್ಣೊರೆಸಿಕೊಳ್ಳಲೂ ಬರುವುದಿಲ್ಲ. ಇಳಿಸುವವ ಚಟ್ಟದ ಮೇಲೆ ಮಲಗಿದ್ದ. ಅಷ್ಟು ಜನ ಗಂಡಸರಿದ್ದರು, ಮೀನಿನ ಬುಟ್ಟಿ ಮುಟ್ಟಲು ಒಬ್ಬನೂ ಬರಲಿಲ್ಲ.

ಉಮಾ ಹೋದಳು. ಬುಟ್ಟಿಯ ಅಡಿಗೆ ಎರಡೂ ಕೈ ಕೊಟ್ಟು ಇಳಿಸಿದಳು. ಬಂಗಡೆಯ ನೀರು ಮೊಣಕೈಯಿಂದ ಸೀರೆಗೆ ಇಳಿಯಿತು. ಅಪ್ಪನ ಅಂಗಿಯ ವಾಸನೆ ಮೂಗಿಗೆ ಬಡಿದದ್ದೇ ತಡ, ಬೆಳಗಿನಿಂದ ಬಾರದ ಅಳು ಒಮ್ಮೆಲೇ ಬಂತು. ಅಳುತ್ತಲೇ ಅವಳು ಚಟ್ಟದ ಕಡೆ ತಿರುಗಿದಳು.

“ನಡೀರಿ!”

ಯಾರೂ ಅಲುಗಲಿಲ್ಲ.

“ಎಂತ ಕಾಯ್ತ್ರಿ? ಇನ್ನೊಂದು ಗಳಿಗೆ ಹಿಂಗೇ ನಿಂತ್ರೆ ಅಪ್ಪನೇ ಎದ್ದು ಬಂದು ನಿಮ್ಮ ಹೆಗಲಿಂದ ಚಟ್ಟ ಇಳ್ಸೂದು!”

ದಾಸನಿಗೆ ತಡೆಯಲಾಗದೆ ನಗು ಬಂತು. ಹಿಂದಿನವರಿಗೂ ಅಂಟಿತು. ಸಾವಿನ ಮನೆಯೆಂಬುದನ್ನೂ ಮರೆತು ನಾಲ್ವರೂ ನಕ್ಕಾಗ ಚಟ್ಟವೂ ಅಲುಗಿತು. ಶ್ರೀನಾಥ ಹೆಂಡತಿಯ ಮುಖ ನೋಡಿದ, ಹೆಗಡೆಯವರ ಮುಖ ನೋಡಲಿಲ್ಲ; ಹೆಜ್ಜೆ ಹಾಕಿದ.

“ಏ, ಎಂತ ಮಾಡ್ತ್ರಿ! ವ್ಯಾನು ಬಪ್ಪೂದು ಅದೆ!” ಹೆಗಡೆಯವರು ಕೂಗಿದರು.

ಸುಬೇದಾರ್ ಅರುಣ ನಾಯಕರು ಮುಂದೆ ಬಂದರು. ಬಾವುಟವನ್ನು ಹೆಗಡೆಯವರ ಕೈಗಿಟ್ಟು, “ನೆಲಕ್ಕೆ ತಾಗಿಸ್ಬೇಡಿ” ಎಂದು ಎಚ್ಚರಿಸಿ, ದಾಸನ ಜಾಗಕ್ಕೆ ಹೋಗಿ ಹೆಗಲು ಕೊಟ್ಟರು. ಚಟ್ಟ ಹೆದ್ದಾರಿ ದಾಟಿ ಗಾಳಿಮರಗಳ ಬದಿಯ ಸ್ಮಶಾನದ ಕಡೆ ಹೊರಟಿತು. ಅಲ್ಲಿಂದ ಮುಂದೆ ಹೆಂಗಸರು ಹೋಗುವ ಪದ್ಧತಿಯಿಲ್ಲ. ಉಮಾ ಗಣಪಿಯ ಪಕ್ಕದಲ್ಲಿ, ಅಂಗಡಿಯ ಬೆಂಚಿನ ಮೇಲೆ ಕೂತಳು.

“ನಂಗೆ ಯೆಂಕ್ಟಣ್ಣ ಅಂದ್ರೆ ಬುಟ್ಟಿ ಇಳ್ಸೂ ಕೈ,” ಎಂದಳು ಗಣಪಿ. “ಚೀನಾ ಅಂತ ಕರೀತಿದ್ರು. ಎಂತಕೆ ಅಂತ ನಾ ಕೇಳ್ಲೇ ಇಲ್ಲ.”

ವ್ಯಾನು ಬಂದಾಗ ಗಾಳಿಮರಗಳ ಮೇಲೆ ಹೊಗೆ ಎದ್ದಿತ್ತು. ಪೇದೆಗಳು ದಡದಡ ಇಳಿದು, ಬಂದೂಕು ಹೆಗಲಿಗೇರಿಸಿ, ಬಸ್ ಸ್ಟಾಪಿನ ಎದುರು ಸಾಲಾಗಿ ನಿಂತರು.

“ಬಾಡಿ ಎಲ್ಲಿ?” ಎಂದ ಹೆಡ್ ಕಾನ್‌ಸ್ಟೇಬಲ್.

ಉಮಾ ಹೊಗೆಯ ಕಡೆ ಕೈ ತೋರಿಸಿದಳು. ಸುಜಯ ಗಡಬಡಿಸಿ ಫೋನು ಹಚ್ಚಿದ. “ಸರ್, ಹೊಗೆ ಮಾತ್ರ ಕಾಣ್ತದೆ ಸರ್. ಹೊಗೆಗೆ ಕೊಡ್ಲಕ್ಕಾ?… ಆಯ್ತು ಸರ್, ಕೇಳಿ ಹೇಳಿ ಸರ್. ಲೈನಲ್ಲೇ ಇರ್ತೇನೆ.”

ಉಮಾ ಮತ್ತೆ ಹೊಗೆಯ ಕಡೆ ತಿರುಗಿದಳು. ಅಲ್ಲಿ ಅಪ್ಪ ಉರಿಯುತ್ತಿದ್ದಾನೆ. ಇಲ್ಲಿಂದ ಹಾರಿಸಿದರೆ ಅಲ್ಲಿಗೆ ಕೇಳಿಯೇ ಕೇಳುತ್ತದೆ. ಸುಜಯ ಫೋನಿನಲ್ಲಿ ಕಾದ. ಹೆಡ್ ಕಾನ್‌ಸ್ಟೇಬಲ್ ಸುಜಯನನ್ನು ಕಾದ. ಹೆಗಡೆಯವರು ಬಾವುಟವನ್ನು ನೆಲಕ್ಕಿಡಲಾರದೆ, ಯಾರಿಗೆ ಕೊಡುವುದೆಂದೂ ತಿಳಿಯದೆ, ಎರಡೂ ಕೈಯಲ್ಲಿ ಹಿಡಿದು ಬಿಸಿಲಲ್ಲಿ ಬೆವರುತ್ತಿದ್ದರು. ಸಾಲಿನ ತುದಿಯಲ್ಲಿ, ರಿಟೈರಾಗಲು ಹತ್ತಿರವಿದ್ದ ಹಾಗೆ ಕಾಣುವ ಪೇದೆಯೊಬ್ಬ ಬಂದೂಕಿನ ಭಾರಕ್ಕೆ ಒಂದು ಕಡೆ ವಾಲಿ ನಿಂತಿದ್ದ.

ಉಮಾ ಬೆಂಚಿನಿಂದ ಎದ್ದಳು. ಅವನ ಎದುರು ಹೋಗಿ, ಮೀನುನೀರು ಇನ್ನೂ ಆರದ ಎರಡೂ ಕೈಗಳನ್ನು ಚಾಚಿದಳು.

“ಇಳ್ಸಿ ಅಣ್ಣಾ.”

ಅವನು ಹೆಡ್ ಕಾನ್‌ಸ್ಟೇಬಲ್ ಕಡೆ ನೋಡಿದ. ಹೆಡ್ ಕಾನ್‌ಸ್ಟೇಬಲ್ ಸುಜಯನ ಕಡೆ ನೋಡಿದ. ಸುಜಯ ಬೆನ್ನು ತಿರುಗಿಸಿ, ಇನ್ನೊಂದು ಕಿವಿಗೆ ಬೆರಳಿಟ್ಟುಕೊಂಡು, “ಹಲೋ, ಹಲೋ ಸರ್” ಎನ್ನುತ್ತಿದ್ದ.

ಪೇದೆ ಬಂದೂಕನ್ನು ಇಳಿಸಿ, ಸೈಕಲ್ ಒರಗಿಸುತ್ತಿದ್ದ ಗೋಡೆಗೆ, ಗಣಪಿಯ ಬುಟ್ಟಿಯ ಪಕ್ಕದಲ್ಲಿ ಒರಗಿಸಿದ. ಏನೂ ಅನ್ನಲಿಲ್ಲ. ಕುತ್ತಿಗೆ ತಿಕ್ಕಿಕೊಂಡ.