ಹಗೇವಿಗೆ ಮಾಸ್ಕ್ ಸಾಲದು

ಮೋಡ ಕಂಡರೆ ಖುಷಿಪಡುವ ಊರು ನಮ್ಮದು. ಆದರೆ ಆ ದಿನ ಮಧ್ಯಾಹ್ನ ಯರಗುಪ್ಪಿಯ ನಮ್ಮ ಓಣಿಯಲ್ಲಿ ಎಲ್ಲರೂ ಆಕಾಶ ನೋಡಿ ಮುಖ ಗಂಟಿಕ್ಕುತ್ತಿದ್ದರು. ಪಡುವಣಕ್ಕೆ ಮೋಡ ಕಪ್ಪಗಾಗುತ್ತಿತ್ತು. ಇತ್ತ ಅಬ್ದುಲ್‌ಸಾಬ ಕಾಕಾನ ಅಂಗಳದಲ್ಲಿ ಹಗೇವಿನ ಬಾಯಿ ತೆರೆದಿತ್ತು.

ಹಗೇವು ನೋಡದ ಹೊಸ ಕಾಲದ ಮಕ್ಕಳಿಗಾಗಿ ಹೇಳುತ್ತೇನೆ. ಅದು ನೆಲದೊಳಗೆ ತೋಡಿದ ಕಾಳಿನ ಗುಂಡಿ. ಮೇಲೆ ಒಬ್ಬ ಮನುಷ್ಯ ಇಳಿಯುವಷ್ಟು ಬಾಯಿ, ಒಳಗೆ ಹೊಟ್ಟೆ ಮಾತ್ರ ದೊಡ್ಡದು. ಜೋಳ ತುಂಬಿ, ಕಲ್ಲು ಮುಚ್ಚಿ, ಮಣ್ಣು ಮೆತ್ತಿಬಿಟ್ಟರೆ ವರ್ಷಗಟ್ಟಲೆ ಹುಳ ಹಿಡಿಯುವುದಿಲ್ಲ. ಊರಲ್ಲಿ ಹೆಚ್ಚಿನ ಹಗೇವುಗಳನ್ನು ಮುಚ್ಚಿ ಅದರ ಮೇಲೆ ಬಚ್ಚಲು ಕಟ್ಟಿಕೊಂಡಿದ್ದಾರೆ. ಕಾಕಾ ಮಾತ್ರ ತನ್ನದನ್ನು ಉಳಿಸಿಕೊಂಡಿದ್ದಾನೆ. ಅದರಲ್ಲಿ ಅರ್ಧದಷ್ಟು ಎರಡು ವರ್ಷದ ಹಿಂದಿನ ಬಿಳಿಜೋಳವಿತ್ತು.

ನಾನು ಸುಮಂಗಲಾ, ಈ ಊರಿನ ಆಶಾ ಕಾರ್ಯಕರ್ತೆ. ಕಾಕಾನ ಸೊಸೆ ಮುಬಶಿರಾಗೆ ಏಳು ತಿಂಗಳು ತುಂಬಿತ್ತು. ಅವಳಿಗೆ ಕಬ್ಬಿಣದ ಮಾತ್ರೆ ಕೊಟ್ಟು ಮುಂದಿನ ಮನೆಗೆ ಓಡುವುದಿತ್ತು. ನನಗೆ ಕೂತಲ್ಲಿ ಕೂರುವ ಅಭ್ಯಾಸವಿಲ್ಲ, ಯಾರು ಚಹಾ ಕೊಟ್ಟರೂ ನಿಂತೇ ಕುಡಿಯುವವಳು. ಆದರೆ ಅಂಗಳದ ಗಡಿಬಿಡಿ ನೋಡಿ ಅಲ್ಲೇ ನಿಂತುಬಿಟ್ಟೆ.

ಮೂರು ದಿನದ ಹಿಂದೆ ಬಿದ್ದ ಮಳೆಗೆ ಹಗೇವಿನ ಪಕ್ಕದ ನೆಲ ಒಂದು ಗೇಣು ಕುಸಿದಿತ್ತು. ಒಳಗೆ ನೀರು ಇಳಿದಿರಬೇಕೆಂದು ಕಾಕಾನಿಗೆ ಸಂಶಯ. ಇನ್ನೊಂದು ಮಳೆ ಬಿದ್ದರೆ ಜೋಳವೆಲ್ಲ ಕೊಳೆತು ಹೋಗುತ್ತದೆ, ಅಷ್ಟರೊಳಗೆ ಮೇಲೆ ತೆಗೆಯಬೇಕು. ಇಬ್ಬರು ಹಮಾಲರು ಖಾಲಿ ಚೀಲ ಹಿಡಿದು ಬಂದು ನಿಂತಿದ್ದರು. ಅವರು ಜೋಳ ನೋಡುತ್ತಿರಲಿಲ್ಲ, ಮೋಡ ನೋಡುತ್ತಿದ್ದರು.

ಕಾಕಾ ಹಳೆಯ ಮನುಷ್ಯ, ಪದ್ಧತಿ ಬಿಡುವವನಲ್ಲ. ಹಗೇವು ತೆರೆದ ಮೇಲೆ ಕಂದೀಲು ಹಚ್ಚಿ ಹಗ್ಗದಿಂದ ಒಳಗೆ ಇಳಿಸಿದ. ಆಳುದ್ದ ಇಳಿಯುವಷ್ಟರಲ್ಲಿ ದೀಪ ಸಣ್ಣದಾಗಿ, ಹಾಗೇ ಆರಿತು. ಮೇಲೆಳೆದು ಮತ್ತೆ ಹಚ್ಚಿ ಇಳಿಸಿದರೆ ಮತ್ತೆ ಆರಿತು. ಗಾಳಿ ಆಡಲಿ, ನಾಳೆ ನೋಡೋಣ ಎಂದ ಕಾಕಾ. ಅಲ್ಲಿಗೆ ಮುಗಿಯಬೇಕಿತ್ತು.

ಆದರೆ ಅವನ ಮಗ ಸಾಧಿಕ್ ಒಳಗೆ ಹೋಗಿ ಮಾಸ್ಕ್ ತಂದ. ಹಸಿರು ರಬ್ಬರಿನದು, ಕಣ್ಣಿಗೆ ಎರಡು ಗಾಜು, ಬಾಯಿಯ ಹತ್ತಿರ ಬೋಗುಣಿಯಷ್ಟು ದಪ್ಪ ಡಬ್ಬಿ. ಹುಬ್ಬಳ್ಳಿಯಲ್ಲಿ ಹಳೆ ಸಾಮಾನು ಮಾರುವವನು ಮಿಲಿಟರಿಯದೆಂದು ಹೇಳಿ ಕೊಟ್ಟಿದ್ದ. ಸಾಧಿಕ್ ಎರಡು ಹಂಗಾಮು ಅದನ್ನು ಹಾಕಿಕೊಂಡು ಮೆಣಸಿನಕಾಯಿಗೆ ಔಷಧಿ ಹೊಡೆದಿದ್ದ.

"ಕಂದೀಲಕ್ಕ ಮಾಸ್ಕ್ ಇರಲಿಲ್ಲ, ಆರಿತು. ನನಗ ಐತಲ್ಲಪಾ," ಎಂದ ಅಪ್ಪನಿಗೆ.

ಹಮಾಲರು ನಕ್ಕರು. ಕಾಕಾ ನಗಲಿಲ್ಲ, ಆದರೆ ಬೇಡ ಎನ್ನಲೂ ಇಲ್ಲ. ಮಿಲಿಟರಿ ಎಂಬ ಮಾತಿಗೆ ನಮ್ಮಲ್ಲಿ ಅಷ್ಟು ಬೆಲೆ. ಒಮ್ಮೆ ಮೋಡ ನೋಡಿದ, ಒಮ್ಮೆ ಮಾಸ್ಕ್ ನೋಡಿದ, ಹಮಾಲರಿಗೆ ಏಣಿ ತರಲು ಹೇಳಿದ.

ಮುಬಶಿರಾ ಹೊಸ್ತಿಲ ಮೇಲೆ ಕೂತಿದ್ದವಳು ಎದ್ದಳು. ಇದನ್ನು ಹಾಕಿಕೊಂಡರೆ ನಿಜವಾಗಿ ಏನೂ ಆಗುವುದಿಲ್ಲವೇ ಎಂದು ಗಂಡನನ್ನು ಕೇಳಿದಳು. ಅವನು ನನ್ನ ಕಡೆ ಕೈ ಮಾಡಿದ.

"ಅಕ್ಕಾರನ್ನ ಕೇಳು. ಮಾಸ್ಕ್ ಇದ್ದಾಂವ ವಿಷಕ್ಕ ಅಂಜೂದು ಬ್ಯಾಡ ಅಂತ ಸಂಘದಾಗ ಹೇಳಿದ್ದು ಅವರ."

ಎಲ್ಲರೂ ನನ್ನತ್ತ ತಿರುಗಿದರು. ಹೌದು, ನಾನೇ ಹೇಳಿದ್ದೆ. ಔಷಧಿ ಹೊಡೆಯುವಾಗ ಮೂಗಿಗೆ ಬರೀ ಟವೆಲ್ ಕಟ್ಟಬೇಡಿ, ಮಾಸ್ಕ್ ಹಾಕಿ ಎಂದು ಸಂಘದ ಸಭೆಯಲ್ಲಿ ಭಾಷಣ ಬಿಗಿದಿದ್ದೆ. ಸಾಧಿಕ್‌ನ ಫೋಟೋ ತೆಗೆದು, ಇವನನ್ನು ನೋಡಿ ಕಲಿಯಿರಿ ಎಂದು ವಾಟ್ಸಾಪಿಗೂ ಹಾಕಿದ್ದೆ. ಯಾವ ಮಾಸ್ಕ್, ಎಲ್ಲಿ ನಡೆಯುತ್ತದೆ, ಎಲ್ಲಿ ನಡೆಯುವುದಿಲ್ಲ ಎಂದು ನಾನೂ ಕೇಳಿರಲಿಲ್ಲ, ಅವರಿಗೂ ಹೇಳಿರಲಿಲ್ಲ. ಈಗ ಅದೇ ಮಾತನ್ನು ಹಿಡಿದು ಒಬ್ಬ ಮನುಷ್ಯ ದೀಪ ಆರುವ ಗುಂಡಿಗೆ ಇಳಿಯಲು ಹೊರಟಿದ್ದ.

ಗೊತ್ತಿಲ್ಲ ಎನ್ನುವುದು ನಮ್ಮಂಥವರಿಗೆ ಬಹಳ ಕಷ್ಟ. ಊರೆಲ್ಲ ನಮ್ಮನ್ನು ಕೇಳುತ್ತದೆ, ನಾವು ಹೇಳುತ್ತಾ ಹೋಗುತ್ತೇವೆ. ಆದರೂ ಅಂದೆ.

"ಹಗೇವಿಗೆ ಇದು ನಡೀತೈತೋ ಇಲ್ಲೋ ನನಗ ಗೊತ್ತಿಲ್ಲ ಸಾಧಿಕ್. ಕೇಳಿ ಹೇಳ್ತೀನಿ, ತಡಿ."

ಕೇಳುವುದಾದರೆ ಹನಮಪ್ಪ ಮಾಮಾನನ್ನೇ ಕೇಳಬೇಕು. ಹದಿನೇಳು ವರ್ಷ ಸೈನ್ಯದಲ್ಲಿದ್ದು ಬಂದವನು, ನಮ್ಮ ಹಿಂದಿನ ಓಣಿಯವನೇ. ಫೋನ್ ಹಚ್ಚಿದೆ. ರಿಂಗಾಗುತ್ತಿತ್ತು, ಎತ್ತಲಿಲ್ಲ. ಮತ್ತೆ ಹಚ್ಚಿದೆ, ಎತ್ತಲಿಲ್ಲ. ಅಷ್ಟರಲ್ಲಿ ಏಣಿ ಹಗೇವಿನೊಳಗೆ ಇಳಿದಿತ್ತು. ನಾಲ್ಕು ಹನಿ ದಪ್ಪಗೆ ಬಿದ್ದವು. ಸಾಧಿಕ್ ಲುಂಗಿ ಮೇಲೆ ಕಟ್ಟಿ ಮಾಸ್ಕಿನ ಪಟ್ಟಿ ಬಿಗಿಯತೊಡಗಿದ. ನಾನು ಬಾಗಿಲಿಗೆ ಹೋದೆ, ಹಗೇವಿಗೆ ಬಂದೆ, ಮತ್ತೆ ಬಾಗಿಲಿಗೆ ಹೋದೆ. ಮೂರನೇ ಸಲವೂ ಫೋನ್ ಎತ್ತದಿದ್ದಾಗ ಬಂದು ಅವನ ಮುಖದ ಮೇಲಿಂದ ಮಾಸ್ಕ್ ಕಸಿದುಕೊಂಡೆ.

ಮಾಡಬಾರದ ಕೆಲಸ ಎಂದು ಕಸಿದ ಮೇಲೆ ತಿಳಿಯಿತು. ಅವನಿಗೆ ಸಿಟ್ಟು ನೆತ್ತಿಗೇರಿತು. ಮಾಸ್ಕ್ ಇಲ್ಲದಿದ್ದರೆ ಟವೆಲ್ ಕಟ್ಟಿಕೊಂಡು ಇಳಿಯುತ್ತೇನೆ ಎಂದು ಏಣಿಯ ಮೇಲೆ ಒಂದು ಕಾಲು ಇಟ್ಟೇಬಿಟ್ಟ. ಮುಬಶಿರಾ ಬಂದು ಅವನ ಅಂಗಿಯನ್ನು ಎರಡೂ ಕೈಯಿಂದ ಹಿಡಿದಳು. ಅವನು ಬಿಡಿಸಿಕೊಳ್ಳಲು ನೋಡಿದ, ಅವಳು ಬಿಡಲಿಲ್ಲ. ಅವಳ ಆ ಸ್ಥಿತಿಯಲ್ಲಿ ಜಗ್ಗಾಡುವಂತೆಯೂ ಇರಲಿಲ್ಲ. ಹಾಗೆ ಎಷ್ಟು ಹೊತ್ತು ನಿಂತೆವೋ, ನನ್ನ ಕೈಯಲ್ಲಿದ್ದ ಫೋನ್ ರಿಂಗಾಯಿತು.

ಹನಮಪ್ಪ ಮಾಮಾ ನನ್ನ ಮಾತು ಪೂರ್ತಿ ಕೇಳಲಿಲ್ಲ. ತಾನು ಬರುವವರೆಗೆ ಯಾರೂ ಇಳಿಯಬಾರದು ಎಂದಷ್ಟೇ ಹೇಳಿ ಫೋನ್ ಇಟ್ಟ. ಎರಡು ನಿಮಿಷದಲ್ಲಿ ಓಡಿ ಬಂದ. ಕೊರಳಿಗೆ ಕ್ಷೌರದಂಗಡಿಯ ಬಟ್ಟೆ, ಒಂದು ಕೆನ್ನೆಗೆ ಸೋಪಿನ ನೊರೆ. ಬೇರೆ ದಿನವಾಗಿದ್ದರೆ ಓಣಿಯೆಲ್ಲ ಬಿದ್ದು ಬಿದ್ದು ನಗುತ್ತಿತ್ತು.

ಬಂದವನೇ ಸಾಧಿಕ್‌ನನ್ನು ಏಣಿಯಿಂದ ಈಚೆ ಕರೆದು, ಮಾಸ್ಕ್ ಹಾಕಿಕೋ ಎಂದ. ಸಾಧಿಕ್ ಗೆದ್ದವನಂತೆ ನನ್ನ ಕಡೆ ನೋಡಿ ಹಾಕಿಕೊಂಡ. ಮಾಮಾ ಪಟ್ಟಿಗಳನ್ನು ಬಿಗಿದು, ಗಾಳಿ ಒಳಗೆ ಹೋಗುವ ಡಬ್ಬಿಯ ಬಾಯಿಗೆ ತನ್ನ ಅಂಗೈ ಒತ್ತಿದ.

"ಈಗ ಉಸಿರು ತಗೋ."

ರಬ್ಬರು ಕೆನ್ನೆಗೆ ಅಂಟಿಕೊಂಡಿತು. ಗಾಜಿನ ಹಿಂದೆ ಸಾಧಿಕ್‌ನ ಕಣ್ಣು ಅಗಲವಾದವು. ಮಾಮಾನ ಕೈ ತಳ್ಳಿ, ಮಾಸ್ಕ್ ಕಿತ್ತು, ಬಗ್ಗಿ ನಿಂತು ಏದುಸಿರು ಬಿಟ್ಟ.

"ನೋಡಿದೇನು? ಇದರಾಗ ಗಾಳಿ ಇಲ್ಲ. ಇದು ಸಾಣಿಗಿ ಇದ್ದಂಗ. ಗಾಳ್ಯಾಗಿನ ವಿಷ ಸೋಸತೈತಿ, ಅಷ್ಟ. ಮನ್ಯಾಗ ಹಿಟ್ಟ ಇಲ್ಲಂದ್ರ ಸಾಣಿಗಿ ಹಿಡದು ಏನ್ ಮಾಡ್ತಿ?"

ಸಾಧಿಕ್ ಸುಲಭಕ್ಕೆ ಒಪ್ಪುವವನಲ್ಲ. ನೀವು ಕೈಯಿಂದ ಮುಚ್ಚಿದ್ದಕ್ಕೆ ಹಾಗಾಯಿತು, ಹಗೇವಿನಲ್ಲಿ ಯಾರು ಮುಚ್ಚುತ್ತಾರೆ ಎಂದು ವಾದಕ್ಕೆ ನಿಂತ. ಹಗೇವಿನಲ್ಲಿ ಗಾಳಿಯೇ ಕೆಟ್ಟಿರುತ್ತದೆ ಎಂದು ಮಾಮಾ ಬಿಡಿಸಿ ಹೇಳಿದ. ಮುಚ್ಚಿಟ್ಟ ಜೋಳವೂ ನಮ್ಮ ಹಾಗೆ ಉಸಿರಾಡುತ್ತದೆ, ಅದರೊಳಗಿನ ಹುಳವೂ ಉಸಿರಾಡುತ್ತದೆ. ನಮ್ಮ ಜೀವಕ್ಕೆ ಬೇಕಾದ ಆಮ್ಲಜನಕವನ್ನು ಅವು ತಿಂದು ಮುಗಿಸಿರುತ್ತವೆ. ಉಳಿದ ಗಾಳಿಯಲ್ಲಿ ದೀಪವೂ ಉರಿಯುವುದಿಲ್ಲ, ಮನುಷ್ಯನೂ ಬದುಕುವುದಿಲ್ಲ. ಅದನ್ನು ಎಂಥ ಮಾಸ್ಕಿನಲ್ಲಿ ಸೋಸಿದರೂ ಇಲ್ಲದ ಆಮ್ಲಜನಕ ಹುಟ್ಟುವುದಿಲ್ಲ.

"ಇಲ್ಲಿ ನನ್ನ ಕೈ ಇತ್ತು, ನಿನಗ ತಿಳೀತು, ಕಿತ್ತು ಒಗದಿ. ಅಲ್ಲಿ ತಿಳಿಯೂದಿಲ್ಲ ತಮ್ಮಾ. ಉಸಿರು ಆಡ್ತಿರತೈತಿ, ಕಾಲಾಗಿನ ಶಕ್ತಿ ಹೋಗತೈತಿ. ಕೂಗಾಕೂ ಆಗೂದಿಲ್ಲ."

ಡಬ್ಬಿಯನ್ನು ತಿರುಗಿಸಿ ನೋಡಿ ಮಾಮಾ ಇನ್ನೂ ಒಂದು ಮಾತು ಹೇಳಿದ. ಈ ಡಬ್ಬಿಗೂ ಅವಧಿ ಇರುತ್ತದೆ, ಸೀಲು ಒಡೆದ ಮೇಲೆ ಅದರ ಶಕ್ತಿ ಇಳಿಯುತ್ತಾ ಹೋಗುತ್ತದೆ. ಯಾವ ವಿಷಕ್ಕೆ ಯಾವ ಡಬ್ಬಿ ಎಂದೂ ಬೇರೆ ಬೇರೆ ಇರುತ್ತದೆ. ಇದರ ಮೇಲಿನ ಅಕ್ಷರವೇ ಅಳಿಸಿಹೋಗಿದೆ. ಇದನ್ನು ನಂಬಿ ಮೆಣಸಿನಕಾಯಿಗೂ ಔಷಧಿ ಹೊಡೆಯಬೇಡ ಎಂದ. ವಾಟ್ಸಾಪಿಗೆ ಹಾಕಿದ ಫೋಟೋ ನೆನಪಾಗಿ ನಾನು ನೆಲ ನೋಡಿದೆ.

ಸಾಧಿಕ್ ಆಗಲೂ ಮೋಡ ತೋರಿಸಿದ. ಹಾಗಾದರೆ ಜೋಳ ಹಾಳಾಗಲಿ ಎನ್ನುತ್ತೀರಾ, ಐದು ನಿಮಿಷ ಉಸಿರು ಕಟ್ಟಿ ಇಳಿದು ಬರುತ್ತೇನೆ ಎಂದ. ಹನಮಪ್ಪ ಮಾಮಾ ಕೊರಳಿನ ಬಟ್ಟೆಯಿಂದ ಕೆನ್ನೆಯ ನೊರೆ ಒರೆಸಿಕೊಂಡ. ಆಮೇಲೆ ಹೇಳಿದ.

"ನಮ್ಮ ದೊಡ್ಡಪ್ಪನೂ ಐದು ನಿಮಿಷ ಅಂತನ ಇಳಿದಿದ್ದ. ಮ್ಯಾಲ ಬರಲಿಲ್ಲ. ಅವನ್ನ ಎತ್ತಾಕ ನಮ್ಮಪ್ಪ ಇಳಿದ, ಅವನೂ ಬರಲಿಲ್ಲ. ನಮ್ಮ ಮನ್ಯಾಗ ಒಂದ ದಿನ ಎರಡು ಮಣ್ಣು ಮಾಡಿದ್ರು. ನಾ ಆಗ ನಮ್ಮವ್ವನ ಹೊಟ್ಟ್ಯಾಗಿದ್ದೆ."

ಹನಮಪ್ಪ ಮಾಮಾನ ತಂದೆ ಸತ್ತದ್ದು ನಮಗೆಲ್ಲ ಗೊತ್ತಿತ್ತು, ಹೇಗೆಂದು ನಮ್ಮ ವಯಸ್ಸಿನವರು ಯಾರೂ ಕೇಳಿರಲಿಲ್ಲ. ಮುಬಶಿರಾ ಇನ್ನೂ ಗಂಡನ ಅಂಗಿ ಹಿಡಿದೇ ಇದ್ದಳು.

"ನನಗ ಆ ಜೋಳ ಬ್ಯಾಡ್ರಿ," ಎಂದಳು.

ಸಾಧಿಕ್ ಬಗ್ಗಿ ಏಣಿಯನ್ನು ಮೇಲೆಳೆದ. ಅಬ್ದುಲ್‌ಸಾಬ ಕಾಕಾ ಅದರ ಇನ್ನೊಂದು ತುದಿ ಹಿಡಿದು, ದೀಪ ಆರಿದಾಗಲೇ ತಾನು ಗಟ್ಟಿಯಾಗಿ ಬೇಡ ಎನ್ನಬೇಕಿತ್ತು, ಬುದ್ಧಿಗೆ ಮಂಕು ಕವಿದಿತ್ತು ಎಂದು ಎಲ್ಲರ ಮುಂದೆ ಒಪ್ಪಿಕೊಂಡ.

ಆಮೇಲೆ ಕೈಗಳು ಸುಮ್ಮನಿರಲಿಲ್ಲ. ಹಗೇವಿನ ಸುತ್ತ ಮಣ್ಣಿನ ಒಡ್ಡು ಹಾಕಿದರು. ನಾಲ್ಕು ಗಳ ನೆಟ್ಟು, ಗಾಳಿ ಆಡುವಷ್ಟು ಎತ್ತರಕ್ಕೆ ಮಳೆಗೆ ಹೊದಿಸುವ ತಾಡಪತ್ರಿ ಕಟ್ಟಿದರು. ಕಟ್ಟಿ ಮುಗಿಯುವಷ್ಟರಲ್ಲಿ ಮಳೆ ಸುರಿಯಿತು. ಮಕ್ಕಳು ಅತ್ತ ಸುಳಿಯದಂತೆ ಸುತ್ತಲೂ ಮುಳ್ಳು ಹಚ್ಚಿದರು. ಮರುದಿನ ಬಿಸಿಲು ಬಿದ್ದ ಮೇಲೆ ರಾಶಿ ತೂರುವ ಫ್ಯಾನಿಗೆ ತಾಡಪತ್ರಿಯ ಉದ್ದನೆಯ ಕೊಳವೆ ಹೊಲಿದು, ಹಗೇವಿನೊಳಗಿನ ಜೋಳದವರೆಗೆ ಹೊರಗಿನ ಗಾಳಿ ಹಾಯಿಸಿದರು. ಸಿಕ್ಕಷ್ಟು ಜೋಳವನ್ನು ಮೇಲೆ ನಿಂತೇ ಹಗ್ಗದ ಬಕೆಟ್ಟಿನಿಂದ ಸೇದಿದರು. ಸಂಜೆ ಕಂದೀಲು ಇಳಿಸಿದರೆ ಕಾಲು ಗಂಟೆಯಾದರೂ ಆರಲಿಲ್ಲ.

ಅಷ್ಟಾದರೂ ಮಾಮಾ ದೀಪವೊಂದನ್ನೇ ನಂಬಬಾರದು ಎಂದ. ಫ್ಯಾನ್ ನಿಲ್ಲಿಸಲು ಬಿಡಲಿಲ್ಲ. ಸಾಧಿಕ್‌ನ ಎದೆಗೆ ಹಗ್ಗ ಕಟ್ಟಿಸಿ, ಮೇಲೆ ಮೂವರನ್ನು ನಿಲ್ಲಿಸಿ, ಆಮೇಲೆ ಇಳಿಸಿದ. ಇಳಿದವನ ಹೆಸರನ್ನು ಮೇಲಿನವರು ಕರೆಯುತ್ತಲೇ ಇರಬೇಕು. ಒಂದು ಸಲ ಓ ಎನ್ನದಿದ್ದರೂ ಹಗ್ಗ ಎಳೆಯಬೇಕು. ಕರೆಯುವ ಕೆಲಸವನ್ನು ಮುಬಶಿರಾ ಯಾರಿಗೂ ಬಿಟ್ಟುಕೊಡಲಿಲ್ಲ. ನಾನು ಕುರ್ಚಿ ತಂದು ಅವಳನ್ನು ದೂರದಲ್ಲಿ ಕೂರಿಸಿದೆ. ಅಲ್ಲಿಂದಲೇ ಕರೆದಳು, ನಿಲ್ಲಿಸದೆ ಕರೆದಳು. ಕೆಳಗಿನಿಂದ ಸಾಧಿಕ್ ಬೇಸತ್ತು, "ಇದ್ದೀನಿ ಮಾರಾಯ್ತಿ, ಇದ್ದೀನಿ," ಎಂದು ಕೂಗಿದ. ಅವಳು ನಕ್ಕಳು, ನಗುತ್ತಲೇ ಅತ್ತಳು. ನಾನೂ ಅತ್ತೆ, ಹೇಳಿಕೊಳ್ಳಲು ನನಗೆ ನಾಚಿಕೆಯಿಲ್ಲ.

ನೀರು ಹೊಕ್ಕ ಮೂಲೆಯ ಮೂರು ಚೀಲ ಜೋಳ ಬೂಸ್ಟು ಹಿಡಿದಿತ್ತು, ಕಾಕಾ ಅದನ್ನು ತಿಪ್ಪೆಗೆ ಹಾಕಿಸಿದ. ಉಳಿದದ್ದು ಮನೆಗೆ ಬಂತು.

ಇದನ್ನು ಓದುತ್ತಿರುವ ಅಕ್ಕ ತಂಗಿಯರೇ, ಅಣ್ಣ ತಮ್ಮಂದಿರೇ, ಔಷಧಿ ಹೊಡೆಯುವಾಗ ಮಾಸ್ಕ್ ಹಾಕಿ, ಖಂಡಿತ ಹಾಕಿ. ಹೊಡೆಯುವ ಔಷಧಿಗೆ ಸರಿಯಾದದ್ದು, ಅವಧಿ ಮುಗಿಯದ ಡಬ್ಬಿಯದು, ಮುಖಕ್ಕೆ ಸಂದಿಲ್ಲದಂತೆ ಕೂರುವುದು ಬೇಕು. ಗಡ್ಡವಿದ್ದರೆ ಸಂದು ಉಳಿಯುತ್ತದೆ, ಆ ಕೆಲಸ ಬೇರೆಯವರಿಗೆ ಬಿಡಿ. ಕೈಗವಸು, ತುಂಬು ತೋಳಿನ ಅಂಗಿ ಮರೆಯಬೇಡಿ. ಆದರೆ ಹಗೇವು, ಹಳೆ ಬಾವಿಯಂಥ ಜಾಗದಲ್ಲಿ ಈ ಮಾಸ್ಕ್ ನಿಮ್ಮನ್ನು ಕಾಯುವುದಿಲ್ಲ. ಅಲ್ಲಿಗೆ ಅಗ್ನಿಶಾಮಕದವರು ಬೆನ್ನ ಮೇಲೆ ಗಾಳಿಯ ಸಿಲಿಂಡರನ್ನೇ ಹೊತ್ತು ಇಳಿಯುತ್ತಾರೆ. ಸಂಡಾಸಿನ ಗುಂಡಿಗಂತೂ ಯಾರನ್ನೂ ಇಳಿಸಲೇಬೇಡಿ, ಅದು ಕಾನೂನಿಗೂ ವಿರುದ್ಧ.

ಯಾರಾದರೂ ಒಳಗೆ ಬಿದ್ದರೆ 112ಕ್ಕೆ ಫೋನ್ ಮಾಡಿ. ಹಗ್ಗ ಕಟ್ಟಿದ್ದರೆ ಮೇಲಿನಿಂದ ಎಳೆಯಿರಿ, ಗಾಳಿ ಹಾಯಿಸಿ. ಕರುಳು ಕಿತ್ತು ಬಂದರೂ, ಬಿದ್ದವನು ನಿಮ್ಮ ಒಡಹುಟ್ಟಿದವನೇ ಆದರೂ, ಅವನ ಹಿಂದೆ ಇಳಿಯಬೇಡಿ. ನಿಮ್ಮ ಮನೆಯಲ್ಲಿ ಇಳಿಯಲು ಹೊರಟವರಿದ್ದರೆ ಇವತ್ತೇ ಅವರ ಅಂಗಿ ಹಿಡಿದು ನಿಲ್ಲಿಸಿ. ಸಿಟ್ಟು ಮಾಡಿಕೊಳ್ಳುತ್ತಾರೆ, ಮಾಡಿಕೊಳ್ಳಲಿ. ಸಿಟ್ಟು ಮಾಡಿಕೊಳ್ಳಲು ಅವರು ಇರಬೇಕಲ್ಲ.