ಹೊಟ್ಟೆ ಬಾರಿಸುವ ಜಪಾನಿ

ಕಲಬುರ್ಗಿಯ ಗಾಜಿಪುರದಲ್ಲಿ ಪುರಾಣಕ್ಕೆ ಅರ್ಥ ಹೇಳುತ್ತಿದ್ದ ಕಲ್ಯಾಣಪ್ಪನನ್ನು ಭೀಮಶಾ ತನ್ನ ಡೇರೆ ಬಯಸ್ಕೋಪಿಗೆ ಕರೆದುಕೊಂಡದ್ದು ಚಿತ್ರಗಳಿಗೂ ಅರ್ಥ ಬೇಕೆಂದು. ಚಿತ್ರ ಮೂಕ, ಜನ ಮೂಕರಲ್ಲ. ಅದರಲ್ಲೂ ಆ ಜಪಾನಿ ಚಿತ್ರ, ಕಾಗದ ಕತ್ತರಿಸಿ ಕುಣಿಸಿದ್ದು. ನರಿಯೋ ಕರಡಿಯೋ ತಿಳಿಯದ ಪ್ರಾಣಿಯೊಂದು ತಲೆಯ ಮೇಲೆ ಎಲೆ ಇಟ್ಟುಕೊಂಡ ಕೂಡಲೇ ಟೋಪಿಯ ಅಧಿಕಾರಿಯಾಗಿ, ತನ್ನ ಹೊಟ್ಟೆಯನ್ನೇ ನಗಾರಿ ಮಾಡಿ ಬಾರಿಸುತ್ತದೆ. ಕಲಬುರ್ಗಿಯಲ್ಲಿ ಜನ ಬಿದ್ದು ಬಿದ್ದು ನಕ್ಕರು.

ಆ ನಗೆಯ ಸುದ್ದಿ ಕಮಲಾಪುರದ ಪೊಲೀಸ್ ಠಾಣೆಯ ಅಮೀನ ಸಾಹೇಬರನ್ನು ಡೇರೆಗಿಂತ ಮೊದಲೇ ಮುಟ್ಟಿತ್ತು. ಅವರ ಪರವಾನಗಿ ಇಲ್ಲದೆ ಅಲ್ಲಿ ಗೂಟ ಹೊಡೆಯುವಂತಿರಲಿಲ್ಲ.

“ಆ ಪ್ರಾಣಿ ಏನಂತದ? ಬರದು ಕೊಡ್ರಿ,” ಎಂದರು ಅಮೀನರು, ಪರವಾನಗಿ ಕೇಳಲು ಬಂದ ಇಬ್ಬರಿಗೆ.

“ಏನೂ ಅನ್ನಂಗಿಲ್ರಿ, ಹುಜೂರ್,” ಎಂದ ಕಲ್ಯಾಣಪ್ಪ.

“ಅನ್ನಂಗಿಲ್ಲಂದ್ರ ಮನಸ್ಸಿನಾಗ ಏನೋ ಇಟ್ಕೊಂಡದ.”

ಭೀಮಶಾ ಕಲ್ಯಾಣಪ್ಪನನ್ನು ಮೊಣಕೈಯಿಂದ ತಿವಿದ. ಈ ಊರು ದಕ್ಕದಿದ್ದರೆ ಡೇರೆ ಮುಚ್ಚಬೇಕು. ಕಲ್ಯಾಣಪ್ಪ ಮತ್ತೆ ತೂಕಡಿಸುವ ಭಕ್ತರ ಮುಂದೆ ಕೂರಬೇಕು. ಅವನ ಪುರಾಣದ ನಾಲಿಗೆ ತಾನೇ ಹೊರಳಿತು.

“ಅದು ಹೊಟ್ಟಿ ಅಲ್ರೀ, ಸರ್ಕಾರದ ನಗಾರಿ. ಬಾರಿಸೂದಂದ್ರ ಸರ್ಕಾರಕ್ಕ ಜಯ ಅನ್ನೂದು.”

“ಹಂಗಾದ್ರ ಬಾರಿಸಿದಾಗ ಎಲ್ಲಾರೂ ಎದ್ದು ನಿಂದ್ರಬೇಕು. ಇವತ್ತೊಂದಿನ ತೋರಿಸ್ರಿ, ನೋಡೂಣು.”

ಸಂಜೆ ಅಮೀನರು ಕುಚ್ಚಿನ ರೂಮಿ ಟೋಪಿ ಇಟ್ಟುಕೊಂಡು ಬಂದು, ಬೆಳಕು ಬಿಡುವ ಯಂತ್ರದ ಬಾಯೆದುರಿಗೇ ಕುರ್ಚಿ ಹಾಕಿಸಿಕೊಂಡರು. ಪ್ರಾಣಿ ಹೊಟ್ಟೆ ಮುಟ್ಟಿದ್ದೇ ತಡ, ಎಲ್ಲರಿಗಿಂತ ಮೊದಲು ಎದ್ದವರು ಅವರೇ. ಪ್ರಾಣಿ ಮಾಯ. ಪರದೆಯ ತುಂಬ ಭಾರಿ ಹೊಟ್ಟೆಯ ನೆರಳು, ಮೇಲೊಂದು ರೂಮಿ ಟೋಪಿ.

ಕೆಂಪು ಬಾಳೆಹಣ್ಣು ಮಾರುವ ಬಂಡೆಮ್ಮ ಹಿಂದಿನಿಂದ ಕೂಗಿದಳು: “ಯವ್ವಾ, ಇದು ಮೊದಲಿಂದಕ್ಕಿಂತ ದಪ್ಪದ!”

ಕಲ್ಯಾಣಪ್ಪ ಕಣ್ಣು ಮುಚ್ಚಿಕೊಂಡ.

“ಶಾಸ್ತ್ರಿಗಳೇ, ಇವರ್ಯಾರು?” ಅಮೀನರು ಪರದೆಯಿಂದ ಕಣ್ಣು ಕೀಳಲಿಲ್ಲ.

“ಜಪಾನದ ಅಮೀನ ಸಾಹೇಬ್ರು, ಹುಜೂರ್,” ಎಂದ ಕಲ್ಯಾಣಪ್ಪ.

ಅಮೀನರು ಬಾಗಿ ಸಲಾಂ ಮಾಡಿದರು. ಪರದೆಯವರೂ ಅಷ್ಟೇ ಬಾಗಿದರು.

“ಏನು ತಮೀಜ್, ಏನು ಮರ್ಯಾದಿ! ಖಾನದಾನಿ ಮನುಷ್ಯಾರು.” ಹದಿನೈದು ದಿನದ ಪರವಾನಗಿಗೆ ಅಲ್ಲೇ ಮೊಹರು ಬಿತ್ತು. “ಒಂದೇ ಶರತ್ತು, ಇವರು ದಿನಾ ಬರಬೇಕು.”

ಬಂದರು ಕೂಡ. ಅಮೀನರೂ ದಿನಾ ಬಂದು ಜಪಾನದವರ ಕುಶಲ ಕೇಳಿದರು. ಸುತ್ತಲಿನ ಹಳ್ಳಿಗಳಿಂದ ಜನ ಗಾಡಿ ಕಟ್ಟಿಕೊಂಡು ಬಂದರು; ಬಾಯಿಗೆ ಬಟ್ಟೆ ಒತ್ತಿ ನಕ್ಕರು, ಯಾರೂ ಆ ನಗೆಯನ್ನು ಡೇರೆಯಾಚೆ ಒಯ್ಯಲಿಲ್ಲ.

ಆರನೆಯ ದಿನ ಸಾಹೇಬರಿಗೆ ಕಲಬುರ್ಗಿಯಿಂದ ಬುಲಾವ್ ಬಂದು, ಕುರ್ಚಿ ಖಾಲಿ ಉಳಿಯಿತು. ಜಪಾನಿ ಪ್ರಾಣಿ ಪರದೆಯ ತುಂಬ ಕುಣಿದು ಕುಣಿದು ಹೊಟ್ಟೆ ಬಾರಿಸಿತು. ಯಾರೂ ನಗಲಿಲ್ಲ. ಕಲ್ಯಾಣಪ್ಪ ಹೇಳಿದ ಅರ್ಥವನ್ನೂ ಕೇಳಲಿಲ್ಲ.

“ಅಸಲಿದು ತೋರಿಸ್ರೆಪ್ಪಾ,” ಎಂದಳು ಬಂಡೆಮ್ಮ. “ಇದು ಬರೇ ಚಿತ್ರ.”